ಜೂಲಿಯೆನ್ ತಲೆಗೂದಲಿಗೆ ಬಣ್ಣ: 35 ಮಿ.ಮೀ. ಫಿಲ್ಮಿನ ಮೇಲೆ ಸ್ಟೆನ್ಸಿಲ್ ಕೆಲಸ

ಮಾಡಿದ್ದೇನು ಅಂತ ಮೊದಲೇ ಹೇಳಿಬಿಡುತ್ತೇನೆ. 1908ರ ಒಂದು ಮೂಕಿ ಚಿತ್ರದಿಂದ ನಾಲ್ಕೂವರೆ ಸೆಕೆಂಡು ತೆಗೆದುಕೊಂಡು, ಅದನ್ನು ನಿಜವಾದ 35 ಮಿ.ಮೀ. ಫಿಲ್ಮಿಗೆ ಇಳಿಸಿದೆ. ಆಮೇಲೆ ಆ ಕಾಲದ ಪ್ಯಾರಿಸ್, ಬಾರ್ಸಿಲೋನಾದ ವರ್ಕ್‌ಶಾಪುಗಳಲ್ಲಿ ಮಾಡುತ್ತಿದ್ದ ಹಾಗೆ ಬ್ಲೇಡಿನಲ್ಲಿ ಸ್ಟೆನ್ಸಿಲ್ (ಬಣ್ಣ ಬೀಳಬೇಕಾದ ಜಾಗವನ್ನಷ್ಟೇ ಕತ್ತರಿಸಿ ತೆಗೆದ ಪಟ್ಟಿ) ಕೊರೆದು, ಒಂದೊಂದು ಫ್ರೇಮಿಗೂ ಮೂರು ಬಣ್ಣ ಹಚ್ಚಿದೆ. ಕಂಪ್ಯೂಟರಿನಲ್ಲಿ ಇದೇ ಕೆಲಸ ಒಂದು ಮಧ್ಯಾಹ್ನದಲ್ಲಿ ಮುಗಿಯುತ್ತಿತ್ತು, ಗೊತ್ತು. ಆದರೆ ಆ ದೃಶ್ಯದಲ್ಲಿ ತಲೆ ಬಾಚಿಸಿಕೊಂಡು ಕೂತಿರುವ ಹೆಂಗಸು ಸ್ವತಃ ಫಿಲ್ಮಿಗೆ ಬಣ್ಣ ಹಚ್ಚುವ ಕೆಲಸ ಕಲಿತವಳು. ಆ ಕೆಲಸ ಎಂಥದ್ದು ಅಂತ ನನ್ನ ಕೈಗೂ ಗೊತ್ತಾಗಬೇಕಿತ್ತು.

ಆಕೆಯ ಹೆಸರು ಜೂಲಿಯೆನ್ ಮಾತ್ಯೂ. ಫ್ರಾನ್ಸಿನವಳು, ಹುಟ್ಟಿದ್ದು 1874ರಲ್ಲಿ, ತೀರಿಕೊಂಡಿದ್ದು 1943ರಲ್ಲಿ. ಸ್ಪೇನಿನ ಆರಂಭದ ಸಿನಿಮಾ ಬಗ್ಗೆ ಓದುವಾಗ ಆಕೆಯ ಹೆಸರು ಸಾಮಾನ್ಯವಾಗಿ ಒಂದು ಸಾಲಿನಲ್ಲಿ ಬಂದು ಹೋಗುತ್ತದೆ, ಅದೂ ಸೆಗುಂಡೊ ದ ಚೊಮೊನ್‌ನ ಹೆಂಡತಿ ಅಂತ. ಚೊಮೊನ್ 1871ರಲ್ಲಿ ಸ್ಪೇನಿನ ತೆರುಯೆಲ್ ಊರಿನಲ್ಲಿ ಹುಟ್ಟಿದ ಟ್ರಿಕ್ ಚಿತ್ರಗಳ ದೊಡ್ಡ ಕಸುಬುದಾರ. ಫ್ರಾನ್ಸಿನಲ್ಲಿ ಇಂಥವೇ ಟ್ರಿಕ್ ಚಿತ್ರಗಳಿಗೆ ಹೆಸರಾದ ಜಾರ್ಜ್ ಮೆಲಿಯೆಸ್‌ಗೆ ಹೋಲಿಸಿ ಅವನನ್ನು ಸ್ಪೇನಿನ ಮೆಲಿಯೆಸ್ ಅಂತ ಕರೆಯುತ್ತಾರೆ. ನನಗೆ ಆ ಬಿರುದು ಹಿಡಿಸುವುದಿಲ್ಲ, ಒಬ್ಬನನ್ನು ಇನ್ನೊಬ್ಬನ ನಕಲು ಅಂದಹಾಗೆ ಆಗುತ್ತದೆ ಅಲ್ವಾ. ಅದಿರಲಿ. ಚೊಮೊನ್ 1890ರ ದಶಕದಲ್ಲಿ ಪ್ಯಾರಿಸ್ಸಿಗೆ ಬಂದಾಗ ಜೂಲಿಯೆನ್ ಪರಿಚಯವಾಯಿತು. ಆಮೇಲೆ ಅವನು ಕ್ಯೂಬಾದ ಯುದ್ಧಕ್ಕೆ ಸಿಪಾಯಿಯಾಗಿ ಹೋಗಿ ವಾಪಸ್ ಬಂದ. ಫಿಲ್ಮಿಗೆ ಬಣ್ಣ ಹಚ್ಚುವ ಕೆಲಸ ಆ ಮನೆಗೆ ಬಂದಿದ್ದು ಜೂಲಿಯೆನ್ ಕಡೆಯಿಂದ, ಅದರ ಹಿಂದೆಯೇ ಅವನು ಸಿನಿಮಾಕ್ಕೆ ಕಾಲಿಟ್ಟ. 1902ರ ಸುಮಾರಿಗೆ ಬಾರ್ಸಿಲೋನಾದಲ್ಲಿ ಪಾತೆ ಅನ್ನುವ ಫ್ರಾನ್ಸಿನ ಸಿನಿಮಾ ಕಂಪನಿಯ ಚಿತ್ರಗಳಿಗೆ ಬಣ್ಣ ಹಾಕುವ ವರ್ಕ್‌ಶಾಪು ಶುರುವಾಯಿತು. 1905ರಲ್ಲಿ ಪಾತೆಯವರು ಅವನನ್ನು ಪ್ಯಾರಿಸ್ಸಿಗೇ ಕರೆಸಿಕೊಂಡರು.

ಮುಂದಿನ ನಾಲ್ಕೈದು ವರ್ಷ ಜೂಲಿಯೆನ್ ಅವನ ಚಿತ್ರಗಳಲ್ಲಿ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತಾಳೆ. 1907ರ ‘ಲ ಸ್ಪೆಕ್ತ್ರ್ ರೂಜ್’ ನೋಡಿ. ಗುಹೆಯೊಳಗೆ ಕೆಂಪು ನಿಲುವಂಗಿಯ ಭೂತವೊಂದು ಹೆಂಗಸರನ್ನು ಗಾಜಿನ ಸೀಸೆಯೊಳಗೆ ಇಳಿಸಿ ಆಟ ಆಡುತ್ತಿರುತ್ತದೆ. ಅದರ ಆಟ ಕೆಡಿಸಿ, ಕೊನೆಗೆ ಅದನ್ನು ಬರೀ ಮೂಳೆ ಮಾಡಿ ಬೀಳಿಸುವ ದೇವತೆ ಜೂಲಿಯೆನ್. 1908ರ ‘ಸ್ಕುಲ್ಪ್ತರ್ ಮೊದೆರ್ನ್’ನಲ್ಲಿ ತಾವಾಗಿಯೇ ರೂಪ ತಾಳುವ ಮಣ್ಣಿನ ಮುದ್ದೆಗಳನ್ನು ನಮ್ಮ ಮುಂದೆ ಹಿಡಿದು ತೋರಿಸುವವಳೂ ಆಕೆಯೇ. ಆ ಕಾಲದಲ್ಲಿ ತೆರೆಯ ಮೇಲೆ ನಟರ ಹೆಸರು ಹಾಕುತ್ತಿರಲಿಲ್ಲ. ಹಾಗಾಗಿ ಆಗ ನೋಡಿದವರಿಗೆ ಮುಖ ಗೊತ್ತಿತ್ತು, ಹೆಸರು ಗೊತ್ತಿರಲಿಲ್ಲ.

ನಾನು ಆರಿಸಿಕೊಂಡಿದ್ದು ‘ಒಟೆಲ್ ಎಲೆಕ್ತ್ರೀಕ್’. ಹಳೆಯ ಪುಸ್ತಕಗಳಲ್ಲಿ ಇದಕ್ಕೆ 1905 ಅಂತ ಇರುತ್ತದೆ, ಈಗ 1908 ಅಂತಲೇ ಜಾಸ್ತಿ ಜನ ಬರೆಯುತ್ತಾರೆ. ಗಂಡ ಹೆಂಡತಿ ಒಂದು ಹೋಟೆಲಿಗೆ ಬರುತ್ತಾರೆ, ಅಲ್ಲಿ ಎಲ್ಲ ಕೆಲಸವನ್ನೂ ಕರೆಂಟೇ ಮಾಡುತ್ತದೆ. ಪೆಟ್ಟಿಗೆ ತಾನೇ ಬಿಚ್ಚಿಕೊಂಡು ಬಟ್ಟೆ ಜೋಡಿಸುತ್ತದೆ, ಬ್ರಷ್ಷುಗಳು ಬಂದು ಬೂಟು ಉಜ್ಜುತ್ತವೆ, ಗಂಡನಿಗೆ ಕ್ಷೌರ ಆಗುತ್ತದೆ, ಹೆಂಡತಿಯ ತಲೆ ತಾನಾಗಿ ಬಾಚಿಕೊಳ್ಳುತ್ತದೆ. ಕೊನೆಗೆ ಕೆಳಗಿನ ಯಂತ್ರದ ಕೋಣೆಯಲ್ಲಿ ಕುಡಿದವನೊಬ್ಬ ಸ್ವಿಚ್ಚುಗಳ ಮೇಲೆ ಬಿದ್ದು ಹೋಟೆಲೆಲ್ಲ ಅಲ್ಲೋಲ ಕಲ್ಲೋಲ. ಗಂಡ ಚೊಮೊನ್, ಹೆಂಡತಿ ಜೂಲಿಯೆನ್.

ತಲೆ ಬಾಚುವ ಆ ತುಣುಕೇ ನನಗೆ ಬೇಕಾಗಿದ್ದು. ಮಾಮೂಲಿ ಕ್ಯಾಮೆರಾದಲ್ಲಿ ಹಿಡಿಕೆ ಒಂದು ಸುತ್ತು ತಿರುಗಿಸಿದರೆ 8 ಫ್ರೇಮು, ಸೆಕೆಂಡಿಗೆ ಎರಡು ಸುತ್ತು, ಅಂದರೆ 16 ಫ್ರೇಮು. ಇಂಥ ಟ್ರಿಕ್ಕಿಗೆ ಒಂದು ಸುತ್ತಿಗೆ ಒಂದೇ ಫ್ರೇಮು ಓಡುವ ಹಾಗೆ ಮಾಡಿಕೊಳ್ಳುತ್ತಿದ್ದರು. ಒಂದು ಫ್ರೇಮು ತೆಗೆ, ಬ್ರಷ್ಷನ್ನು ಚೂರು ಸರಿಸು, ಮತ್ತೊಂದು ಫ್ರೇಮು ತೆಗೆ. ಬೂಟು, ಪೆಟ್ಟಿಗೆಗೆ ಇದರಿಂದ ಏನೂ ತೊಂದರೆ ಇಲ್ಲ, ಅವು ಕೂತ ಕಡೆ ಕೂತಿರುತ್ತವೆ. ಮನುಷ್ಯರು ಹಾಗಿರುವುದಕ್ಕೆ ಆಗುವುದಿಲ್ಲ. ಯಾರೋ ಬಂದು ತಲೆ ಮುಟ್ಟಿ ಹೋಗುತ್ತಿದ್ದರೂ ಅಲುಗದೆ ಕೂತು, ಮುಖದಲ್ಲಿ ಮಾತ್ರ ಖುಷಿ ಉಳಿಸಿಕೊಂಡಿರಬೇಕು. ಇದನ್ನು ನಟನೆ ಅಂತ ಯಾರೂ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ನನಗಂತೂ ಇಡೀ ಚಿತ್ರದಲ್ಲಿ ಕಷ್ಟದ ಪಾತ್ರ ಇದೇ ಅನ್ನಿಸುತ್ತದೆ.

ಫಿಲ್ಮಿಗೆ ಇಳಿಸುವುದು

ಮೊದಲು ಸುಮ್ನೆ ಓಎಚ್‌ಪಿ ಹಾಳೆಯ ಮೇಲೆ ಪ್ರಿಂಟ್ ತೆಗೆದು ಬಣ್ಣ ಹಚ್ಚಬಹುದಲ್ಲ ಅಂತ ಅನ್ನಿಸುತ್ತದೆ. ಆಗುವುದಿಲ್ಲ. ಲೇಸರ್ ಪ್ರಿಂಟರಿನ ಹಾಳೆ ಬರೀ ಪ್ಲಾಸ್ಟಿಕ್ಕು, ಅದರ ಮೇಲೆ ಬಣ್ಣದ ನೀರು ಮಣಿಯಾಗಿ ನಿಲ್ಲುತ್ತದೆ. ಫಿಲ್ಮಿನ ಮೇಲೆ ಜೆಲಟಿನ್ ಪದರ ಇದೆ, ಅದು ನೀರು ಕುಡಿದು ಉಬ್ಬಿ ಬಣ್ಣವನ್ನು ಒಳಗೆ ಎಳೆದುಕೊಳ್ಳುತ್ತದೆ. ಹಳೆಯ ಬಣ್ಣದ ಚಿತ್ರಗಳಲ್ಲಿ ಕಾಣುವ ಆ ತಿಳಿಯಾದ ಹೊಳಪಿಗೆ ಇದೇ ಕಾರಣ. ಬಣ್ಣ ಮೇಲೆ ಮೆತ್ತಿಕೊಂಡು ಕೂರುವುದಿಲ್ಲ, ಪದರದ ಒಳಗೇ ಇರುತ್ತದೆ, ಬೆಳಕು ಅದರ ಮೂಲಕ ಹಾದು ಬರುತ್ತದೆ.

ಹಾಗಾಗಿ ನಿಜವಾದ ಫಿಲ್ಮೇ ಬೇಕು. ಇಲ್ಲಿ ಒಂದು ಒಳ್ಳೆಯ ಅನುಕೂಲ ಇದೆ. ಮೂಕಿ ಚಿತ್ರದ ಫ್ರೇಮಿನ ಅಳತೆ 24 x 18 ಮಿ.ಮೀ., ಒಂದು ಫ್ರೇಮಿಗೆ ಪಕ್ಕದಲ್ಲಿ ನಾಲ್ಕು ತೂತು. ಹಾಫ್ ಫ್ರೇಮ್ ಅನ್ನುವ ಹಳೆಯ ಸ್ಟಿಲ್ ಕ್ಯಾಮೆರಾಗಳಲ್ಲೂ ಅಳತೆ ಸರಿಯಾಗಿ ಅದೇ! ಮಾಮೂಲಿ 36 ಫೋಟೋದ ರೋಲಿನಲ್ಲಿ 72 ಬರುತ್ತದೆ. 72ನ್ನು 16ರಿಂದ ಭಾಗಿಸಿದರೆ ನಾಲ್ಕೂವರೆ ಸೆಕೆಂಡು. ನನ್ನ ಹತ್ತಿರ ಒಂದು ಒಲಿಂಪಸ್ ಪೆನ್ ಎಫ್ ಇತ್ತು, 1963ರಲ್ಲಿ ಬಂದ ಮಾದರಿ, 38 ಮಿ.ಮೀ. ಲೆನ್ಸು. ಕ್ಯಾಮೆರಾವನ್ನು ಮಗ್ಗುಲಿಗೆ ಹೊರಳಿಸಿ ಸ್ಟ್ಯಾಂಡಿಗೆ ಬಿಗಿದರೆ ಚಿತ್ರಗಳು ಸಿನಿಮಾ ರೀಲಿನ ಹಾಗೆಯೇ ಒಂದರ ಕೆಳಗೆ ಒಂದು ಬೀಳುತ್ತವೆ. ಯಾವ ಮಗ್ಗುಲಿಗೆ ಹೊರಳಿಸಿದಿರಿ ಅನ್ನುವುದರ ಮೇಲೆ ಮುಂದಿನ ಫ್ರೇಮು ಕೆಳಗೆ ಬರುತ್ತದೋ ಮೇಲೆ ಹೋಗುತ್ತದೋ ನಿರ್ಧಾರ ಆಗುತ್ತದೆ. ರೋಲು ಹಾಕುವ ಮೊದಲೇ ಇದನ್ನು ನೋಡಿಕೊಳ್ಳಿ.

ಕಂಪ್ಯೂಟರ್ ಪರದೆಯ ಮೇಲೆ ಚಿತ್ರ 40 ಸೆಂ.ಮೀ. ಅಗಲ ಇಟ್ಟೆ. ಲೆನ್ಸಿನಿಂದ ದೂರ ಸುಮಾರು 67 ಸೆಂ.ಮೀ. ಬಂತು. ಪರದೆಯ ಮೇಲೆ ತೋರಿಸಬೇಕಾದ್ದು ನೆಗೆಟಿವ್, ಅಂದರೆ ಕಪ್ಪು ಬಿಳಿ ಅದಲು ಬದಲಾದ ಚಿತ್ರ. ಮಾಮೂಲಿ ಕಪ್ಪು ಬಿಳುಪು ಫಿಲ್ಮು ಅದನ್ನು ಮತ್ತೆ ಅದಲು ಬದಲು ಮಾಡುತ್ತದೆ, ಡೆವಲಪ್ ಮಾಡಿದರೆ ಸೀದಾ ಪಾಸಿಟಿವ್ ಕೈಗೆ ಬರುತ್ತದೆ. ಪ್ರಿಂಟ್ ಹಾಕುವ ಯಂತ್ರದ ತಂಟೆಯೇ ಇಲ್ಲ. ಶಟರ್ ಕಾಲು ಸೆಕೆಂಡು ತೆರೆದಿಟ್ಟರೆ ಪರದೆಯ ಮಿಣುಕು ಪಟ್ಟೆಯಾಗಿ ಕಾಣುವುದಿಲ್ಲ.

ಎರಡು ವಿಷಯಕ್ಕೆ ಜಾಸ್ತಿ ಗಮನ ಕೊಡಬೇಕು. ಒಂದು, ಡಿಜಿಟಲ್ ಪ್ರತಿಗಳಲ್ಲಿ 16 ಫ್ರೇಮನ್ನು 24 ಅಥವಾ 25ಕ್ಕೆ ಎಳೆದಿರುತ್ತಾರೆ. ಕೆಲವು ಫ್ರೇಮು ಎರಡೆರಡು ಸಲ ಬಂದಿರುತ್ತವೆ, ಕೆಲವು ಅಕ್ಕಪಕ್ಕದ ಎರಡು ಸೇರಿ ಕಲಸಿಹೋಗಿರುತ್ತವೆ. ಎರಡು ಸಲ ಬಂದಿದ್ದನ್ನು ಕಿತ್ತು ಹಾಕಬಹುದು, ಕಲಸಿಹೋಗಿದ್ದನ್ನು ಏನೂ ಮಾಡಲಾಗದು, ಬೇರೆ ಪ್ರತಿ ಹುಡುಕಬೇಕು. ಇನ್ನೊಂದು, ಫಿಲ್ಮಿನ ಬೇಸ್, ಅಂದರೆ ಜೆಲಟಿನ್ ಪದರವನ್ನು ಹೊತ್ತಿರುವ ಪ್ಲಾಸ್ಟಿಕ್ ಪಟ್ಟಿ, ತಿಳಿಯಾಗಿರಬೇಕು. ಹೆಚ್ಚಿನ ಸ್ಟಿಲ್ ಫಿಲ್ಮುಗಳ ಬೇಸ್‌ಗೆ ಬೂದು ಛಾಯೆ ಇರುತ್ತದೆ, ಅದರ ಮೇಲೆ ಹಳದಿ ಹಚ್ಚಿದರೆ ಕೆಸರಿನ ಹಾಗೆ ಕಾಣುತ್ತದೆ. ಬೇಸ್ ತಿಳಿ ಇರುವ ನಿಧಾನದ ಫಿಲ್ಮು ತರಿಸಿ, ಕಾಂಟ್ರಾಸ್ಟ್ ಏರಲಿ ಅಂತ ಪೇಪರ್ ಡೆವಲಪರಿನಲ್ಲಿ ತೊಳೆದೆ.

ಇನ್ನೂ ಒಂದು ಇದೆ. ಈ ಬಣ್ಣಗಳು ಪಾರದರ್ಶಕ, ಕಪ್ಪಿನ ಮೇಲೆ ಕಾಣುವುದೇ ಇಲ್ಲ. ಜೂಲಿಯೆನ್ ಕೂದಲು ಕಪ್ಪಗೆ ಬಂದರೆ ಎಷ್ಟು ಬಣ್ಣ ಸುರಿದರೂ ಕಪ್ಪೇ. ಅದಕ್ಕೆ ಪ್ರತಿ ಫ್ರೇಮನ್ನೂ ಮಾಮೂಲಿಗಿಂತ ತೆಳುವಾಗಿ ತೆಗೆದೆ, ಬೂದಿನಲ್ಲೇ ನಿಲ್ಲುವ ಹಾಗೆ. ನೋಡುವುದಕ್ಕೆ ಸಪ್ಪೆ. ಬಣ್ಣ ಕೂತ ಮೇಲೆ ಸರಿ ಹೋಗುತ್ತದೆ.

ಹಲಗೆ ಮತ್ತು ಮೊಳೆ

ಬಣ್ಣ ಹಾಕಬೇಕಾದ ಪಟ್ಟಿ ಒಂದು, ಅದರ ಮೇಲೆ ಇಡುವ ಸ್ಟೆನ್ಸಿಲ್ ಪಟ್ಟಿ ಮೂರು, ಒಂದೊಂದು ಬಣ್ಣಕ್ಕೆ ಒಂದು. ನಾಲ್ಕೂ ಒಂದರ ಮೇಲೆ ಒಂದು ಸರಿಯಾಗಿ ಕೂರಬೇಕು. ಪಾತೆಯಲ್ಲಿ ಇದಕ್ಕೆ ಒಂದೇ ನೆಗೆಟಿವ್‌ನಿಂದ ಹಲವು ಪಾಸಿಟಿವ್ ಪ್ರಿಂಟ್ ಹಾಕುತ್ತಿದ್ದರು. ಒಂದನ್ನು ಬಣ್ಣಕ್ಕೆ ಇಟ್ಟುಕೊಂಡು ಮಿಕ್ಕವನ್ನು ಕೊರೆಯುತ್ತಿದ್ದರು. ತೂತು ತೂತಿಗೆ ಹೊಂದಿದರೆ ಚಿತ್ರ ಚಿತ್ರಕ್ಕೆ ಹೊಂದುತ್ತದೆ. ನಾನೂ ಅದನ್ನೇ ಮಾಡಿದೆ. ಕ್ಯಾಮೆರಾ, ಪರದೆ ಎರಡನ್ನೂ ಒಂದಿಷ್ಟೂ ಅಲುಗಿಸದೆ ಅದೇ 72 ಫ್ರೇಮನ್ನು ಬೇರೆ ಬೇರೆ ರೋಲಿನಲ್ಲಿ ಮತ್ತೆ ತೆಗೆದೆ, ರೋಲು ಹಾಕುವಾಗ ಹಲ್ಲು ಚಕ್ರದ ಅದೇ ಹಲ್ಲಿಗೆ ಮೊದಲ ತೂತು ಸಿಗಿಸಿದೆ. ಸ್ಟೆನ್ಸಿಲ್ಲಿಗೆ ಅಗ್ಗದ ಫಿಲ್ಮು ಸಾಕು. ಆದರೆ ಅಸಿಟೇಟ್ ಬೇಸ್ ಇರಲಿ, ಪಾಲಿಯೆಸ್ಟರ್ ಬ್ಲೇಡಿಗೆ ಜಗ್ಗುವುದಿಲ್ಲ.

ಹೊಂದಿಸುವುದಕ್ಕೆ ಒಂದು ಹಲಗೆ ಮಾಡಿಕೊಂಡೆ. ಹಾಲಿನ ಬಣ್ಣದ ಅಕ್ರಿಲಿಕ್ ತುಂಡು, ಕೆಳಗೆ ಎಲ್‌ಇಡಿ ಪ್ಯಾನೆಲ್ಲು, ಸುತ್ತ ತೇಗದ ಪಟ್ಟಿ. ಮೊಳೆಗಳಿಗೆ ಸೈಕಲ್ ಕಡ್ಡಿ ಉಪಯೋಗಿಸಿದೆ. ಕಡ್ಡಿಯ ದಪ್ಪ 2 ಮಿ.ಮೀ., ಫಿಲ್ಮಿನ ತೂತಿನ ಎತ್ತರ 1.98 ಮಿ.ಮೀ., ಅರದಿಂದ ಒಂಚೂರು ಉಜ್ಜಿದರೆ ಗಟ್ಟಿಯಾಗಿ ಕೂರುತ್ತದೆ. ಒಂದು ತೂತಿನಿಂದ ಇನ್ನೊಂದಕ್ಕೆ 4.75 ಮಿ.ಮೀ., ನಾಲ್ಕು ತೂತಿಗೆ 19 ಮಿ.ಮೀ. ಆ ದೂರದಲ್ಲಿ ಎರಡು ಕಡ್ಡಿ ಒಂದು ಕಡೆ ಬಿಗಿಯಾಗಿ. ಎದುರು ಕಡೆಯ ಎರಡನ್ನು ಸ್ವಲ್ಪ ಸಣ್ಣಗೆ ಉಜ್ಜಿ ಸಡಿಲವಾಗಿ ಬಿಟ್ಟೆ, ನಾಲ್ಕೂ ಬಿಗಿಯಾದರೆ ಫಿಲ್ಮು ಉಬ್ಬಿ ನಿಲ್ಲುತ್ತದೆ.

ಇಷ್ಟು ಮಾಡಿದರೂ ಒಂದೆರಡು ಹತ್ತನೇ ಮಿ.ಮೀ. ಆಚೀಚೆ ಆಗಿಯೇ ಆಗುತ್ತದೆ, ಇದು ಸ್ಟಿಲ್ ಕ್ಯಾಮೆರಾ ತಾನೇ. 0.2 ಮಿ.ಮೀ. ಅಂದರೆ ಏನು ಮಹಾ ಅನ್ನಬೇಡಿ. 24 ಮಿ.ಮೀ. ಫ್ರೇಮನ್ನು ಮೂರು ಮೀಟರ್ ಪರದೆಗೆ ಹಿಗ್ಗಿಸಿದರೆ ಅದು ಎರಡೂವರೆ ಸೆಂ.ಮೀ. ಆಗುತ್ತದೆ. ಕೂದಲಿನ ಬಣ್ಣ ಕಿವಿಯ ಮೇಲೆ ಬಂದು ಕೂರುತ್ತದೆ.

ಕೊರೆಯುವುದು

ಇದೇ ಕೆಲಸದ ಹೃದಯ, ಇದೇ ಕೈ ಮುರಿಯುವ ಭಾಗ. 3 ನಂಬರ್ ಹಿಡಿಕೆ, 11 ನಂಬರ್ ಸರ್ಜಿಕಲ್ ಬ್ಲೇಡು, ತಲೆಗೆ ಕಟ್ಟಿಕೊಳ್ಳುವ ಭೂತಗನ್ನಡಿ. ಮೆಡಿಕಲ್ ಸಪ್ಲೈ ಅಂಗಡಿಗಳಲ್ಲಿ ಬ್ಲೇಡು ಡಬ್ಬಿಯಾಗಿಯೇ ಸಿಗುತ್ತದೆ, ಡಬ್ಬಿಯೇ ತಗೊಳ್ಳಿ. ಮೊಂಡಾದ ಬ್ಲೇಡು ಕೊರೆಯುವುದಿಲ್ಲ, ಎಳೆಯುತ್ತದೆ, ಅಂಚು ಮೇಲಕ್ಕೆ ಏಳುತ್ತದೆ, ಆ ಅಂಚಿನ ಕೆಳಗೆ ಬಣ್ಣ ನುಗ್ಗುತ್ತದೆ.

ತಿರುವು ಬಂದಾಗ ಬ್ಲೇಡು ತಿರುಗಿಸಬಾರದು, ಫಿಲ್ಮನ್ನು ತಿರುಗಿಸಬೇಕು. ಮೂಲೆಗಳನ್ನು ಒಂದೇ ಏಟಿಗೆ ಸುತ್ತಬಾರದು. ಮೂಲೆಯಲ್ಲಿ ತುದಿ ಚುಚ್ಚಿ ಒಂದು ಕಡೆಗೆ ಎಳೆಯಿರಿ, ಮತ್ತೆ ಅದೇ ಮೂಲೆಗೆ ಬಂದು ಇನ್ನೊಂದು ಕಡೆಗೆ ಎಳೆಯಿರಿ. ತುಂಡು ತಾನಾಗಿ ಬೀಳದಿದ್ದರೆ ಗುಂಡುಸೂಜಿಯಲ್ಲಿ ಎತ್ತಿ, ಕಿತ್ತರೆ ಪಕ್ಕದ ಗೆರೆ ಹರಿಯುತ್ತದೆ.

ಮೂರು ಬಣ್ಣ ಹೀಗೆ ಹಂಚಿಕೊಂಡೆ: ಬ್ರಷ್ಷು, ಬಾಚಣಿಗೆಗೆ ಹಳದಿ, ಕೂದಲಿಗೆ ಕೆಂಚು ಕಂದು, ಉಡುಪಿಗೆ ನೀಲಿ. ಇವು ನಿಜವಾದ ಬಣ್ಣವಾ ಅಂತ ಕೇಳಿದರೆ, ಬೂದು ನೋಡಿ ಹೇಳಲು ಬರುವುದಿಲ್ಲ. 1908ರ ಫಿಲ್ಮಿಗೆ ಕೆಂಪು ಕಾಣುತ್ತಿರಲಿಲ್ಲ, ಕೆಂಪು ಬಟ್ಟೆ ಕಪ್ಪಗೆ ಬರುತ್ತಿತ್ತು. ನೀಲಿ ಹೆಚ್ಚುಕಡಿಮೆ ಬೆಳ್ಳಗೆ ಬರುತ್ತಿತ್ತು. ಮೆಲಿಯೆಸ್ ತನ್ನ ಸೆಟ್ಟುಗಳಿಗೆ ಬರೀ ಬೂದಿನ ಛಾಯೆಗಳನ್ನೇ ಬಳಿಸುತ್ತಿದ್ದಿದ್ದು ಇದೇ ಕಾರಣಕ್ಕೆ. ಅಂದಮೇಲೆ ಯಾವ ಬಣ್ಣ ಎಲ್ಲಿ ಅನ್ನುವುದು ಬಣ್ಣ ಹಚ್ಚುವವರ ತೀರ್ಮಾನ. ಮೆಲಿಯೆಸ್ ಚಿತ್ರಗಳಿಗೆ ಬಣ್ಣ ಹಾಕುತ್ತಿದ್ದ ಪ್ಯಾರಿಸ್ಸಿನ ವರ್ಕ್‌ಶಾಪು ಎಲಿಸಬೆತ್ ತುಯಿಯೆ ಎಂಬಾಕೆಯದು. ಅಲ್ಲಿ 220 ಜನ ಕೆಲಸಗಾರ್ತಿಯರು ಇದ್ದರು, ತಾನು ರಾತ್ರಿಯೆಲ್ಲ ಕೂತು ಬಣ್ಣ ಆರಿಸುತ್ತಿದ್ದೆ, ಒಬ್ಬೊಬ್ಬಳು ಒಂದೇ ಬಣ್ಣ ಹಚ್ಚುತ್ತಿದ್ದಳು, ಒಂದು ಚಿತ್ರಕ್ಕೆ 20ಕ್ಕಿಂತ ಜಾಸ್ತಿ ಬಣ್ಣ ಆಗಿದ್ದೂ ಉಂಟು ಅಂತ ಆಕೆ 1929ರಲ್ಲಿ ನೆನಪು ಮಾಡಿಕೊಂಡಿದ್ದಾಳೆ. ಅಲ್ಲಿ ಸ್ಟೆನ್ಸಿಲ್ ಇರಲಿಲ್ಲ, ಪೂರ್ತಿ ಕುಂಚದ ಕೆಲಸ.

ಹಾಗಾದರೆ ಪಾತೆಯವರು ಸ್ಟೆನ್ಸಿಲ್ಲಿಗೆ ಯಾಕೆ ಹೋದರು? ಲೆಕ್ಕ ಹಾಕಿ. ಎಂಟು ನಿಮಿಷದ ಚಿತ್ರ ಅಂದರೆ ಸೆಕೆಂಡಿಗೆ 16ರ ಹಾಗೆ 7,680 ಫ್ರೇಮು. ಕುಂಚದಲ್ಲಾದರೆ ಪ್ರತಿ ಪ್ರತಿಗೂ ಅಷ್ಟನ್ನೂ ಮೊದಲಿಂದ ಹಚ್ಚಬೇಕು. ಸ್ಟೆನ್ಸಿಲ್ ಒಂದು ಸಲ ಕೊರೆದರೆ, ಮೂರು ಬಣ್ಣಕ್ಕೆ 23,040 ಫ್ರೇಮು ಕೊರೆದ ಸುಸ್ತು ಒಂದೇ ಸಲಕ್ಕೆ ಮುಗಿಯಿತು, ಆಮೇಲೆ ಅದರಿಂದ ಎಷ್ಟೋ ಪ್ರತಿಗಳಿಗೆ ಬಣ್ಣ ಹಾಕಬಹುದು. ಚಿತ್ರಗಳನ್ನು ಊರೂರಿಗೆ ಮಾರುತ್ತಿದ್ದ ಕಂಪನಿಗೆ ಇದು ಬಿಟ್ಟರೆ ದಾರಿ ಇರಲಿಲ್ಲ. ಮುಂದೆ ಬ್ಲೇಡನ್ನೂ ಬಿಟ್ಟರು: ಕೆಲಸಗಾರ್ತಿ ಮಸುಕು ಗಾಜಿನ ಮೇಲೆ ಹಿಗ್ಗಿಸಿದ ಚಿತ್ರದ ಅಂಚಿನ ಮೇಲೆ ಕಡ್ಡಿ ಆಡಿಸುತ್ತಾಳೆ, ಅದಕ್ಕೆ ಸೇರಿಸಿದ ಪಾಂಟೋಗ್ರಾಫ್ ಆ ಚಲನೆಯನ್ನು ಕುಗ್ಗಿಸಿ, ಕರೆಂಟಿನಲ್ಲಿ ನಡುಗುವ ಸೂಜಿಯಿಂದ ಪುಟ್ಟ ಫಿಲ್ಮನ್ನು ಕೊರೆಯುತ್ತದೆ. ಬ್ಲೇಡು ಹಿಡಿದ ಮೇಲೆ ಆ ಯಂತ್ರದ ಮೇಲೆ ನನಗೆ ಬಂದ ಗೌರವ ಅಷ್ಟಿಷ್ಟಲ್ಲ.

ನನ್ನ ಪಾಲಿಗೆ 72ಕ್ಕೆ ಮೂರು, ಒಟ್ಟು 216 ಫ್ರೇಮು. ಬ್ರಷ್ಷು ಸುಲಭ. ಉಡುಪು ದೊಡ್ಡದು, ಅದೂ ಸುಲಭವೇ. ಕೂದಲು ಮಾತ್ರ ಅಳಿಸಿಬಿಡುತ್ತದೆ. ಬಿಚ್ಚಿದ ಕೂದಲು ಮುಖದ ಸುತ್ತ ಹರಡಿರುತ್ತದೆ. ಕೂದಲಿನ ಜಾಗ ಕೊರೆದು ತೆಗೆದರೆ ನಡುವೆ ಮುಖ ದ್ವೀಪದ ಹಾಗೆ ಉಳಿಯುತ್ತದೆ, ಕತ್ತಿನ ಹತ್ತಿರ ಒಂದು ಸಣ್ಣ ಎಳೆಯಲ್ಲಿ ಮಾತ್ರ ಅಂಟಿಕೊಂಡಿರುತ್ತದೆ. ಎರಡು ಮಿ.ಮೀ. ಅಗಲದ ನಾಲಿಗೆ ಅದು, ಗಾಳಿಗೂ ಪಟಪಟ ಅನ್ನುತ್ತದೆ, ಬಣ್ಣ ಹಚ್ಚುವಾಗ ಎದ್ದು ಕೆಳಗೆ ಬಣ್ಣ ಬಿಟ್ಟುಕೊಳ್ಳುತ್ತದೆ. ಅದಕ್ಕೆ ಉಪಾಯ, ಕೂದಲಿನ ಸ್ಟೆನ್ಸಿಲ್ಲನ್ನು ಎಡ ಬಲ ಅಂತ ಎರಡು ಪಟ್ಟಿ ಮಾಡಿಕೊಳ್ಳುವುದು. ಎಡದಲ್ಲಿ ಕೊರೆಯುವಾಗ ಮುಖ ಬಲಗಡೆಯಿಂದ ಗಟ್ಟಿಯಾಗಿ ಹಿಡಿದಿರುತ್ತದೆ, ಬಲದಲ್ಲಿ ಎಡಗಡೆಯಿಂದ. ಪಟ್ಟಿ ಮೂರರ ಬದಲು ನಾಲ್ಕಾಯಿತು, ರೋಲೂ ಒಂದು ಹೆಚ್ಚಾಯಿತು.

ಕೊರೆದು ಮುಗಿದ ಪಟ್ಟಿಗಳನ್ನು ಬಟ್ಟೆಗೆ ಹಾಕುವ ಬ್ಲೀಚಿನಲ್ಲಿ, ನೀರು ಬೆರೆಸಿ, ಮುಳುಗಿಸಿಟ್ಟೆ. ಜೆಲಟಿನ್ನೂ ಚಿತ್ರವೂ ಕರಗಿ ಹೋಗಿ ಬರೀ ಗಾಜಿನಂಥ ಪಟ್ಟಿ ಉಳಿಯುತ್ತದೆ. ಪಾತೆಯಲ್ಲೂ ಚಿತ್ರ ತೊಳೆದು ತೆಗೆಯುತ್ತಿದ್ದರು. ಲಾಭ ಎರಡು: ಕೆಳಗಿನ ಚಿತ್ರ ಚೆನ್ನಾಗಿ ಕಾಣುತ್ತದೆ, ಸ್ಟೆನ್ಸಿಲ್ ಬಣ್ಣ ಕುಡಿಯುವುದಿಲ್ಲ. ಕಿಟಕಿ ತೆಗೆದಿಟ್ಟು, ಕೈಗೆ ಗ್ಲೌಸ್ ಹಾಕಿಕೊಂಡು ಮಾಡಿ. ಬ್ಲೀಚಿನ ಜೊತೆ ವಿನಿಗರ್, ಅಮೋನಿಯಾ ಯಾವುದನ್ನೂ ಸೇರಿಸಬೇಡಿ, ವಿಷದ ಗಾಳಿ ಏಳುತ್ತದೆ. ಬಣ್ಣದ ಹಂತದಲ್ಲಿ ಅವೆರಡೂ ಬೇಕಾಗುವುದರಿಂದ ಬ್ಲೀಚಿನ ಕೆಲಸ ಬೇರೆ ಕೋಣೆಯಲ್ಲೇ ಇಟ್ಟುಕೊಂಡೆ.

ಬಣ್ಣ

ಆಗ ಬಳಸುತ್ತಿದ್ದಿದ್ದು ಅನಿಲಿನ್ ಅನ್ನುವ ಕೃತಕ ಬಣ್ಣ, ನೀರು ಮತ್ತು ಆಲ್ಕೋಹಾಲಿನಲ್ಲಿ ಕರಗಿಸಿದ್ದು. ಅದರ ನೆಂಟರು ನಮ್ಮ ಅಡುಗೆಮನೆಯಲ್ಲೇ ಇದ್ದಾರೆ. ಕೇಸರಿಬಾತಿಗೆ ಹಾಕುವ ಹಳದಿ ಪುಡಿಯಲ್ಲಿ ಇರುವುದು ಸಾಮಾನ್ಯವಾಗಿ ಟಾರ್ಟ್ರಜೀನ್. ಕೆಂಪಿಗೆ ಪೊನ್ಸೊ 4ಆರ್, ನೀಲಿಗೆ ಬ್ರಿಲಿಯಂಟ್ ಬ್ಲೂ. ಮೂರೂ ಜೆಲಟಿನ್ನನ್ನು ಚೆನ್ನಾಗಿ ಹಿಡಿಯುತ್ತವೆ. ಅಗ್ಗದ ಪುಡಿಗಳಲ್ಲಿ ಉಪ್ಪು ಬೆರೆಸಿರುತ್ತಾರೆ, ಒಣಗಿದ ಮೇಲೆ ಫಿಲ್ಮಿನ ಮೇಲೆ ಹರಳು ಕಟ್ಟುತ್ತದೆ. ಡಬ್ಬಿಯ ಮೇಲೆ ಬರೆದಿದ್ದನ್ನು ಓದಿ ತಗೊಳ್ಳಿ.

ನೀರು ಅರ್ಧ, ಐಸೊಪ್ರೊಪೈಲ್ ಆಲ್ಕೋಹಾಲ್ ಅರ್ಧ, ಎರಡು ಹನಿ ವಿನಿಗರ್. ಬರೀ ನೀರಾದರೆ ಜೆಲಟಿನ್ ಜಾಸ್ತಿ ಉಬ್ಬಿ ಬಣ್ಣ ಅಂಚು ದಾಟುತ್ತದೆ, ಒಣಗುವುದೂ ನಿಧಾನ. ಆಲ್ಕೋಹಾಲ್ ಜಾಸ್ತಿಯಾದರೆ ಜೆಲಟಿನ್ ಉಬ್ಬುವುದೇ ಇಲ್ಲ, ಬಣ್ಣ ಮೇಲೇ ಒಣಗಿ ಉದುರುತ್ತದೆ. ವಿನಿಗರ್ ಹುಳಿ ಬಣ್ಣವನ್ನು ಜೆಲಟಿನ್ನಿಗೆ ಕಚ್ಚಿಸುತ್ತದೆ.

ಕುಂಚ ಬೇಡ. ಕುಂಚದ ತುದಿಯಲ್ಲಿ ಹನಿ ನಿಲ್ಲುತ್ತದೆ, ಹನಿ ಅಂಚಿಗೆ ತಗುಲಿದ ಕ್ಷಣವೇ ಸ್ಟೆನ್ಸಿಲ್ ಕೆಳಗೆ ಸರಕ್ಕನೆ ಓಡುತ್ತದೆ. ಪಾತೆಯ ಯಂತ್ರದಲ್ಲಿ ಪ್ರಿಂಟು, ಸ್ಟೆನ್ಸಿಲ್ ಎರಡೂ ಒಂದೇ ಹಲ್ಲು ಚಕ್ರದ ಮೇಲೆ ಒಟ್ಟಿಗೆ ಓಡುತ್ತಿದ್ದವು, ಮೇಲಿನಿಂದ ಬಣ್ಣ ತೋಯಿಸಿದ ಮಖಮಲ್ಲಿನ ಪಟ್ಟಿಯೊಂದು ಸುತ್ತುತ್ತಾ ಉಜ್ಜುತ್ತಿತ್ತು. ಮಖಮಲ್ಲಿನ ಜುಂಗು ಬಣ್ಣವನ್ನು ಹಿಡಿದಿಟ್ಟುಕೊಳ್ಳುತ್ತದೆ, ಹನಿ ಬಿಡುವುದಿಲ್ಲ, ಮುಟ್ಟಿದಷ್ಟಕ್ಕೇ ಕೊಡುತ್ತದೆ. ನಾನು ಬ್ಲೌಸ್ ಪೀಸಿನ ಮಖಮಲ್ಲು ಕತ್ತರಿಸಿ ಒಂದು ಐಸ್‌ಕ್ರೀಮ್ ಕಡ್ಡಿಗೆ ಸುತ್ತಿದೆ. ತೋಯಿಸಿ, ಹೀರುವ ಕಾಗದದ ಮೇಲೆ ಒತ್ತಿ, ಇನ್ನೇನು ಒಣಗಿತು ಅನ್ನುವಾಗ ಫಿಲ್ಮಿಗೆ ಮೆಲ್ಲಗೆ ತಟ್ಟಬೇಕು. ಉಜ್ಜಿದರೆ ನಾಲಿಗೆಗಳು ಏಳುತ್ತವೆ, ತಟ್ಟಿದರೆ ಸುಮ್ಮನಿರುತ್ತವೆ.

ತೆಳು ಬಣ್ಣ ಮೊದಲು, ಗಾಢ ಆಮೇಲೆ. ಹಳದಿ ಒಣಗಿದ ಮೇಲೆ ಕಂದು, ಕಂದು ಒಣಗಿದ ಮೇಲೆ ನೀಲಿ. ಕಂದಿಗೆ ಹಳದಿಯಲ್ಲಿ ಸ್ವಲ್ಪ ಕೆಂಪು, ನೀಲಿ ಸೂಜಿಯ ತುದಿಯಷ್ಟು. ತಪ್ಪಿ ಬಿದ್ದ ಬಣ್ಣ ಬರೀ ನೀರಿನಲ್ಲಿ ಅರ್ಧ ಹೋಗುತ್ತದೆ, ಒಂದು ಹನಿ ಅಮೋನಿಯಾ ಹಾಕಿದ ನೀರಿನಲ್ಲಿ ಇನ್ನಷ್ಟು. ಪೂರ್ತಿ ಹೋಗುವುದಿಲ್ಲ. ಕೆಲವು ಫ್ರೇಮಿನಲ್ಲಿ ಹೆಗಲ ಮೇಲೆ ನೀಲಿ ಚೆಲ್ಲಿದ್ದು ಹಾಗೇ ಇದೆ, ಮೂಲ ಚಿತ್ರಗಳಲ್ಲೂ ಬೇಕಾದಷ್ಟು ಚೆಲ್ಲಿದೆ.

ಓಡಿಸಿ ನೋಡಿದ್ದು

ಅದೇ ಹಲಗೆಯ ಮೇಲೆ ಪಟ್ಟಿ ಸರಿಸುತ್ತಾ ಮ್ಯಾಕ್ರೋ ಲೆನ್ಸಿನಲ್ಲಿ ಒಂದೊಂದೇ ಫ್ರೇಮು ತೆಗೆದು, ತೂತುಗಳನ್ನು ಗುರುತಾಗಿಟ್ಟುಕೊಂಡು ಕಂಪ್ಯೂಟರಿನಲ್ಲಿ ಸಾಲಾಗಿ ಜೋಡಿಸಿ, ಸೆಕೆಂಡಿಗೆ 16ರಂತೆ ಓಡಿಸಿದೆ.

ನಿಂತ ಫ್ರೇಮಿನಲ್ಲಿ ಕೆಟ್ಟದಾಗಿ ಕಂಡಿದ್ದು ಓಡುವಾಗ ಕಾಣುವುದೇ ಇಲ್ಲ. ಒಂದು ಫ್ರೇಮಿನಲ್ಲಿ ಕೂದಲಿನ ಬಣ್ಣ ಕೆನ್ನೆಗೆ ಬಂದಿದ್ದರೆ ಮುಂದಿನದರಲ್ಲಿ ಒಳಗೆ ಸರಿದಿರುತ್ತದೆ, ಕಣ್ಣು ಎರಡನ್ನೂ ಸೇರಿಸಿ ನೋಡುತ್ತದೆ. ಆದರೆ ಅಂಚು ನಡುಗುತ್ತದೆ. ಬಣ್ಣ ಒಂದು ತೆಳು ಗಾಳಿಯ ಹಾಗೆ ಆಕೆಯ ತಲೆಯ ಸುತ್ತ ಆಡುತ್ತಿರುತ್ತದೆ. ಸ್ಟೆನ್ಸಿಲ್ ಬಣ್ಣದ ಹಳೆಯ ಚಿತ್ರ ನೋಡಿದವರಿಗೆ ಈ ನಡುಕ ಗೊತ್ತು. ಕಂಪ್ಯೂಟರಿನಲ್ಲಿ ಬಣ್ಣ ಹಾಕಿದ್ದರೆ ನಾನೇ ಅದನ್ನು ತೆಗೆದುಬಿಡುತ್ತಿದ್ದೆ.

ಇನ್ನೊಂದು ವಿಷಯ ಬ್ಲೇಡು ಹಿಡಿದು ಕೂತಿದ್ದಕ್ಕೇ ಕಂಡಿದ್ದು. ಒಂದೇ ಅಂಚನ್ನು 72 ಸಲ ಕೊರೆಯುವಾಗ ಏನು ಅಲುಗುತ್ತದೆ, ಏನು ಅಲುಗುವುದಿಲ್ಲ ಅಂತ ಬೆರಳಿಗೇ ಲೆಕ್ಕ ಸಿಗುತ್ತದೆ. ಬ್ರಷ್ಷು ಪ್ರತಿ ಫ್ರೇಮಿಗೂ ಹಾರುತ್ತದೆ. ಕೂದಲು ಅದರ ಹಿಂದೆ ಹೋಗುತ್ತದೆ. ಹೆಗಲಿನ ಗೆರೆ ಮಾತ್ರ ಒಂದು ಪಟ್ಟಿಯಿಂದ ಇನ್ನೊಂದಕ್ಕೆ ಹೆಚ್ಚುಕಡಿಮೆ ಅದೇ ಜಾಗದಲ್ಲಿ ಸಿಗುತ್ತದೆ, ಅಲ್ಲಿ ಬ್ಲೇಡು ಕಣ್ಣು ಮುಚ್ಚಿದರೂ ದಾರಿ ತಪ್ಪುವುದಿಲ್ಲ. ಹಾಗೆ ಕೂರುವುದು ಬಣ್ಣ ಹಚ್ಚುವವರಿಗೆ ಎಷ್ಟು ಉಪಕಾರ ಅನ್ನುವುದು ಆ ಕೆಲಸ ಮಾಡಿದ ನಟಿಗೆ ಗೊತ್ತಿರದೆ ಇರುತ್ತದಾ? ನನ್ನ ಊಹೆ, ಅಷ್ಟೇ.

1910ರಲ್ಲಿ ಚೊಮೊನ್ ಪಾತೆಯ ಸ್ಟುಡಿಯೋ ಬಿಟ್ಟು ಬಾರ್ಸಿಲೋನಾಕ್ಕೆ ವಾಪಸ್ ಬಂದು ಜೋವಾನ್ ಫುಸ್ತೆರ್ ಎಂಬುವನ ಜೊತೆ ಕಂಪನಿ ಕಟ್ಟಿದ. 1912ರಲ್ಲಿ ಇಟಲಿಯ ತೂರಿನ್‌ಗೆ ಹೋದ, ಅಲ್ಲಿ 1914ರ ‘ಕಬೀರಿಯಾ’ಕ್ಕೆ ಕ್ಯಾಮೆರಾ ಕೆಲಸ ಮಾಡಿದ. 1929ರಲ್ಲಿ ಪ್ಯಾರಿಸ್ಸಿನಲ್ಲಿ ತೀರಿಕೊಂಡ. ಅಷ್ಟು ಹೊತ್ತಿಗೆ ತೆರೆಯ ಮೇಲೆ ಜೂಲಿಯೆನ್ ಕಾಣಿಸಿಕೊಂಡು ಎಷ್ಟೋ ವರ್ಷ ಆಗಿತ್ತು. ಆಕೆ ಚೆನ್ನಾಗಿ ಕಾಣಸಿಗುವುದು ಆ ನಾಲ್ಕೈದು ವರ್ಷದ ಚಿತ್ರಗಳಲ್ಲೇ.

ಮಾಡಿ ನೋಡುವವರಿಗೆ ಒಂದೆರಡು ಮಾತು. ಈ ತಿಂಡಿಯ ಬಣ್ಣಗಳು ಬಿಸಿಲಿಗೆ ನಿಲ್ಲುವುದಿಲ್ಲ, ಕಿಟಕಿಯ ಹತ್ತಿರ ಇಟ್ಟ ತುಂಡು ಬಲುಬೇಗ ಬಿಳಚಿಕೊಂಡಿತು. ಮಳೆಗಾಲದಲ್ಲಿ ಜೆಲಟಿನ್ನಿಗೆ ಬೂಸ್ಟು ಹಿಡಿಯುತ್ತದೆ, ಸಿಲಿಕಾ ಜೆಲ್ ಪೊಟ್ಟಣ ಹಾಕಿ ಡಬ್ಬಿಯಲ್ಲಿಡಿ. ಮೊದಲ ಸಲಕ್ಕೆ 72 ಫ್ರೇಮು ಬೇಡ, 16 ಸಾಕು, ಒಂದು ಸೆಕೆಂಡು. ಬಣ್ಣವೂ ಒಂದೇ ಇರಲಿ, ಬ್ರಷ್ಷಿನಂಥ ದ್ವೀಪ ಇಲ್ಲದ ಆಕಾರ ಆರಿಸಿಕೊಳ್ಳಿ.

ಮುಂದೆ ‘ಲ ಸ್ಪೆಕ್ತ್ರ್ ರೂಜ್’ನ ಸೀಸೆಯ ದೃಶ್ಯ ಹಿಡಿಯಬೇಕು ಅಂತಿದ್ದೇನೆ. ಅದರಲ್ಲಿ ಆಗಿನ ಸ್ಟೆನ್ಸಿಲ್ ಬಣ್ಣವೇ ಉಳಿದಿದೆ, ಹಾಗಾಗಿ ನಾನು ಕೊರೆದ ಅಂಚನ್ನು ಅವರು ಕೊರೆದ ಅಂಚಿನ ಪಕ್ಕ ಇಟ್ಟು ನೋಡಬಹುದು. ಅಷ್ಟರೊಳಗೆ ಕಡ್ಡಿಗೆ ಸುತ್ತಿದ ಮಖಮಲ್ಲು ಬಿಟ್ಟು, ಹಿಡಿಕೆ ತಿರುಗಿಸಿದರೆ ಸುತ್ತುವ ಮಖಮಲ್ ಪಟ್ಟಿ ಮಾಡಿಕೊಳ್ಳಬೇಕು. ಹಳೆಯ ಟೇಪ್ ರೆಕಾರ್ಡರಿನ ರಬ್ಬರ್ ಚಕ್ರ ಎರಡು ತೆಗೆದಿಟ್ಟಿದ್ದೇನೆ, ಅಗಲ ಸಾಲುತ್ತದಾ ಅಂತ ಇನ್ನೂ ಅಳೆದಿಲ್ಲ.